ಬ್ರೆತ್ ಆಫ್ ದಿ ವೈಲ್ಡ್: ಕೊರೊಕ್ ಬೀಜ ಮತ್ತು ಅಡಗಿದ ಶ್ರೈನ್‌ಗಳನ್ನು ಹುಡುಕುವ ಕ್ರಮ

'ದಿ ಲೆಜೆಂಡ್ ಆಫ್ ಜೆಲ್ಡಾ: ಬ್ರೆತ್ ಆಫ್ ದಿ ವೈಲ್ಡ್' ಎಂಬ ವಿಡಿಯೊ ಗೇಮ್ ಆಡುವವರಿಂದ ಒಂದೇ ಬಗೆಯ ದೂರು ಮತ್ತೆ ಮತ್ತೆ ಬರುತ್ತದೆ. ಐವತ್ತು ಅರವತ್ತು ಗಂಟೆ ಆಡಿದ ಮೇಲೂ ಕೈಯಲ್ಲಿ ಇಪ್ಪತ್ತೋ ಮೂವತ್ತೋ ಕೊರೊಕ್ ಬೀಜಗಳಿರುತ್ತವೆ, ಆಯುಧ ಇಡಲು ಜಾಗ ಸಾಲುವುದಿಲ್ಲ, ಅರ್ಧ ಬೆಟ್ಟ ಹತ್ತುವಷ್ಟರಲ್ಲಿ ಸ್ಟ್ಯಾಮಿನಾ (ಹತ್ತಲು, ಓಡಲು ಬೇಕಾದ ದಮ್ಮು) ಮುಗಿದು ಕೆಳಗೆ ಬೀಳುತ್ತಾರೆ. ಇವರಲ್ಲಿ ಬಹುತೇಕರಿಗೆ ಹುಡುಕುವ ಶ್ರದ್ಧೆ ಕಡಿಮೆಯಿಲ್ಲ. ಅವರು ಮಾಡಿದ ಕೆಲಸಗಳ ಕ್ರಮ ತಪ್ಪಿದೆ, ಅಷ್ಟೆ. ಗುರುತು ಹಾಕುವ ಮೊದಲೇ ಹತ್ತಲು ಹೋಗಿದ್ದಾರೆ, ಹತ್ತುವ ಶಕ್ತಿ ಬರುವ ಮೊದಲೇ ದೂರದ ಶಿಖರಗಳನ್ನು ಬೆನ್ನಟ್ಟಿದ್ದಾರೆ, ಬೀಜ ಕೂಡಿಟ್ಟುಕೊಂಡು ಅದನ್ನು ಯಾರಿಗೆ ಕೊಡಬೇಕೆಂದು ತಿಳಿಯದೆ ಅಲೆದಿದ್ದಾರೆ. ಆದ್ದರಿಂದ ಈ ಮಾರ್ಗದರ್ಶಿಯಲ್ಲಿ ಹಂತಗಳ ಅನುಕ್ರಮಕ್ಕೇ ಹೆಚ್ಚು ಒತ್ತು ಕೊಟ್ಟಿದ್ದೇನೆ. ಹಂತಗಳನ್ನು ಇದೇ ಸಾಲಿನಲ್ಲಿ ಅನುಸರಿಸಬೇಕೆಂದು ಕೇಳಿಕೊಳ್ಳುತ್ತೇನೆ.

## ಹಂತ 1: ಎಷ್ಟು ಬೇಕೆಂಬುದನ್ನು ಮೊದಲೇ ನಿರ್ಧರಿಸಿ

ಆಟದಲ್ಲಿ ನಾಯಕ ಲಿಂಕ್‌ನ ಸಾಮರ್ಥ್ಯ ಹೆಚ್ಚಿಸುವ ಅಡಗಿದ ವಸ್ತುಗಳು ಮುಖ್ಯವಾಗಿ ಎರಡು. ಒಂದು ಕೊರೊಕ್ ಬೀಜ, ಅಂದರೆ ಕೊರೊಕ್ ಎಂಬ ಪುಟ್ಟ ಕಾಡುಜೀವಿಗಳು ಅಡಗಿರುವ ಒಗಟು ಬಿಡಿಸಿದಾಗ ಸಿಗುವ ಬೀಜ. ಇದು ಆಯುಧ, ಬಿಲ್ಲು ಮತ್ತು ಗುರಾಣಿಗಳನ್ನು ಇಟ್ಟುಕೊಳ್ಳುವ ಜಾಗವನ್ನು ಹೆಚ್ಚಿಸುತ್ತದೆ. ಇನ್ನೊಂದು, ಒಗಟು ಅಥವಾ ಬಲಪರೀಕ್ಷೆಯಿರುವ ಪುಟ್ಟ ಗುಡಿಗಳಾದ ಶ್ರೈನ್‌ಗಳಲ್ಲಿ ಸಿಗುವ ಸ್ಪಿರಿಟ್ ಆರ್ಬ್. ನಾಲ್ಕು ಆರ್ಬ್‌ಗಳಿಗೆ ಒಂದು ಹೃದಯ (ಜೀವಬಲ) ಅಥವಾ ಸ್ಟ್ಯಾಮಿನಾ ಚಕ್ರದ ಐದನೇ ಒಂದು ಭಾಗ ಸಿಗುತ್ತದೆ.

ಬೀಜಗಳ ಒಟ್ಟು ಸಂಖ್ಯೆ 900. ಈ ಸಂಖ್ಯೆಯನ್ನು ನೋಡಿಯೇ ಅನೇಕರು ಕೈಚೆಲ್ಲುತ್ತಾರೆ. ಆದರೆ ಎಲ್ಲ ಜಾಗಗಳನ್ನೂ ಪೂರ್ತಿಯಾಗಿ ವಿಸ್ತರಿಸಿಕೊಳ್ಳಲು 441 ಬೀಜಗಳೇ ಸಾಕು. ಅದರಲ್ಲೂ ಆಯುಧದ ಜಾಗ 8ರಿಂದ 19ಕ್ಕೆ ಏರಲು 208 ಬೀಜಗಳು ಬೇಕು. ಮೊದಲ ವಿಸ್ತರಣೆಗೆ 1, ಎರಡನೆಯದಕ್ಕೆ 2, ಮೂರನೆಯದಕ್ಕೆ 3, ಆಮೇಲೆ ಕ್ರಮವಾಗಿ 5, 8, 12, 17, 25, 35, 45 ಮತ್ತು 55 ಬೀಜಗಳು ತಗಲುತ್ತವೆ. ಮೊದಲ ಐದು ವಿಸ್ತರಣೆಗಳಿಗೆ 19 ಬೀಜಗಳು ಸಾಕಾಗುತ್ತವೆ, ಕೊನೆಯ ಒಂದಕ್ಕೇ 55 ಬೇಕು. ಹಾಗಾಗಿ ಸಾಮಾನ್ಯ ಆಟಗಾರನಿಗೆ ನನ್ನ ಸಲಹೆ ಇಷ್ಟೇ: ಮೊದಲ ಗುರಿಯನ್ನು 100 ಬೀಜಗಳಿಗೆ ಇಟ್ಟುಕೊಳ್ಳಿ. ಅಷ್ಟರಲ್ಲಿ ಆಯುಧಗಳಿಗೂ ಬಿಲ್ಲುಗಳಿಗೂ ಕೊರತೆ ಕಾಣದಷ್ಟು ಜಾಗ ಸಿಗುತ್ತದೆ. 441ರ ಮಾತನ್ನು ಅಲ್ಲಿಂದ ಮುಂದೆ ಯೋಚಿಸಬಹುದು.

ಮೂಲ ಆಟದಲ್ಲಿ ಶ್ರೈನ್‌ಗಳು 120, ಅಂದರೆ 30 ಏರಿಕೆಗಳು. ಬೀಜಗಳ ವಿಷಯ ಬೇರೆ, ಶ್ರೈನ್‌ಗಳಲ್ಲಿ ಒಂದೂ ವ್ಯರ್ಥವಾಗುವುದಿಲ್ಲ.

## ಹಂತ 2: ಗ್ರೇಟ್ ಪ್ಲೇಟೋದಲ್ಲಿ ಆತುರಪಡಬೇಡಿ

ಆಟ ಆರಂಭವಾಗುವ ಈ ಎತ್ತರದ ಬಯಲಿನಲ್ಲಿ ನಾಲ್ಕು ಶ್ರೈನ್‌ಗಳನ್ನು ಮುಗಿಸಿದ ಮೇಲೆಯೇ ಪ್ಯಾರಾಗ್ಲೈಡರ್ ಸಿಗುತ್ತದೆ. ನಾಲ್ಕೂ ಕಡೆ ಒಂದೊಂದು ಶಕ್ತಿ ಕೈಸೇರುತ್ತದೆ: ಓಮನ್ ಔ ಶ್ರೈನ್‌ನಲ್ಲಿ ಲೋಹವನ್ನು ಎತ್ತುವ ಮ್ಯಾಗ್ನೆಸಿಸ್, ಜಾ ಬೈಜ್‌ನಲ್ಲಿ ಬಾಂಬ್, ಓವಾ ಡೈಮ್‌ನಲ್ಲಿ ವಸ್ತುವನ್ನು ಕ್ಷಣಕಾಲ ನಿಲ್ಲಿಸುವ ಸ್ಟೇಸಿಸ್, ಕೆ ನಮುತ್‌ನಲ್ಲಿ ನೀರಿನ ಮೇಲೆ ಮಂಜುಗಡ್ಡೆಯ ಕಂಬ ಎಬ್ಬಿಸುವ ಕ್ರಯೋನಿಸ್. ಮುಂದೆ ಹುಡುಕಾಟದಲ್ಲಿ ಬಳಕೆಗೆ ಬರುವ ಮುಖ್ಯ ಸಲಕರಣೆಗಳು ಇವೇ.

ಬೀಜಗಳ ಹುಡುಕಾಟವನ್ನು ಕಲಿಯಲು ಇದಕ್ಕಿಂತ ಒಳ್ಳೆಯ ಜಾಗವಿಲ್ಲ. ಪ್ರದೇಶ ಚಿಕ್ಕದು, ಶತ್ರುಗಳು ದುರ್ಬಲರು. ಟೆಂಪಲ್ ಆಫ್ ಟೈಮ್‌ನ ಛಾವಣಿಯ ತುದಿಗೆ ಹತ್ತಿ ನೋಡಿ, ಅಲ್ಲೇ ಒಂದು ಬೀಜವಿದೆ. ಇಲ್ಲಿ ನಾಲ್ಕೈದು ಬೀಜಗಳನ್ನಾದರೂ ಸ್ವಂತ ಕಣ್ಣಿನಿಂದ ಕಂಡುಹಿಡಿಯದೆ ಕೆಳಗಿಳಿಯಬೇಡಿ. ಕಣ್ಣಿಗೆ ಅಭ್ಯಾಸವಾಗುವುದು ಇಲ್ಲಿಯೇ.

ಎಚ್ಚರಿಕೆಯ ಗುರುತು: ಹಿಮ ಬಿದ್ದ ಭಾಗಕ್ಕೆ ಕಾಲಿಟ್ಟಾಗ ತಾಪಮಾನದ ಮುಳ್ಳು ನೀಲಿ ಭಾಗಕ್ಕೆ ಇಳಿದರೆ ಕೂಡಲೇ ಹಿಂದಿರುಗಿ. ಖಾರದ ಮೆಣಸಿನಕಾಯಿ ಹಾಕಿ ಬೇಯಿಸಿದ ಅಡುಗೆ ತಿಂದರೆ ಕೆಲವು ನಿಮಿಷ ಚಳಿ ತಡೆಯುತ್ತದೆ. ಮೆಣಸಿನಕಾಯಿಯನ್ನು ಹಸಿಯಾಗಿ ತಿಂದರೆ ಈ ಪ್ರಯೋಜನ ಸಿಗುವುದಿಲ್ಲ, ಬೇಯಿಸಲೇಬೇಕು.

## ಹಂತ 3: ಮೊದಲು ಟವರ್, ಆಮೇಲೆ ಹುಡುಕಾಟ

ಆಟದ ನಾಡಾದ ಹೈರೂಲ್‌ನಲ್ಲಿ 15 ಟವರ್‌ಗಳಿವೆ. ಪ್ರತಿಯೊಂದನ್ನೂ ಹತ್ತಿ ಸಕ್ರಿಯಗೊಳಿಸಿದಾಗ ಆ ಪ್ರದೇಶದ ಮ್ಯಾಪ್ ತೆರೆದುಕೊಳ್ಳುತ್ತದೆ. ಆದರೆ ಅನೇಕರು ತಪ್ಪಾಗಿ ತಿಳಿದಿರುವಂತೆ ಶ್ರೈನ್‌ಗಳಾಗಲಿ ಬೀಜಗಳಾಗಲಿ ಅದರಲ್ಲಿ ತಾವಾಗಿ ಮೂಡುವುದಿಲ್ಲ. ಟವರ್ ಕೊಡುವುದು ನೆಲದ ಚಿತ್ರ ಮತ್ತು ನಿಲ್ಲಲು ಒಂದು ಎತ್ತರದ ಜಾಗ, ಇವೆರಡನ್ನೇ.

ಟವರ್‌ನ ತುದಿಯಲ್ಲಿ ನಿಂತು ಬಲಗಡೆಯ ಸ್ಟಿಕ್ ಒತ್ತಿದರೆ ಸ್ಕೋಪ್ ತೆರೆಯುತ್ತದೆ. ಅದರಲ್ಲಿ ನಿಧಾನವಾಗಿ ಸುತ್ತಲೂ ಒಂದು ಪೂರ್ಣ ಸುತ್ತು ನೋಡಬೇಕು. ಇನ್ನೂ ಮುಟ್ಟದ ಶ್ರೈನ್ ಕಿತ್ತಳೆ ಬಣ್ಣದಲ್ಲಿ ಹೊಳೆಯುತ್ತದೆ, ಮುಗಿಸಿದ್ದು ಪೂರ್ತಿ ನೀಲಿಯಾಗಿರುತ್ತದೆ. ಕಂಡ ಕೂಡಲೇ 'ಎ' ಗುಂಡಿ ಒತ್ತಿ ಪಿನ್ ಹಾಕಿ. ಒಮ್ಮೆಗೆ ಐದು ಪಿನ್‌ಗಳನ್ನು ಮಾತ್ರ ಹಾಕಬಹುದು. ಆ ಐದರ ಜಾಗಗಳಿಗೆ ಮ್ಯಾಪ್‌ನಲ್ಲಿ ಸ್ಟ್ಯಾಂಪ್ ಒತ್ತಿ, ಪಿನ್‌ಗಳನ್ನು ತೆಗೆದು ಮತ್ತೆ ಬಳಸಿ. ಸ್ಟ್ಯಾಂಪ್‌ಗಳನ್ನು 100ರವರೆಗೆ ಒತ್ತಬಹುದು.

ಹಗಲಿಗಿಂತ ಕತ್ತಲಾಗುವ ಹೊತ್ತು ಈ ಕೆಲಸಕ್ಕೆ ಮೇಲು. ಮಧ್ಯಾಹ್ನದ ಬಿಸಿಲಿನಲ್ಲಿ ಬಂಡೆಗಳ ನಡುವೆ ಕರಗಿಹೋಗುವ ಕಿತ್ತಳೆ ಹೊಳಪು ರಾತ್ರಿಯಲ್ಲಿ ದೀಪದಂತೆ ಎದ್ದು ಕಾಣುತ್ತದೆ. ಟವರ್ ತುದಿ ತಲುಪಿದಾಗ ಹಗಲಾಗಿದ್ದರೆ ಒಮ್ಮೆ ನೋಡಿ, ಕತ್ತಲಾದ ಮೇಲೆ ಅಲ್ಲಿಗೇ ನೇರವಾಗಿ ಬಂದು ಮತ್ತೊಮ್ಮೆ ನೋಡಿ. ಸಕ್ರಿಯವಾದ ಟವರ್‌ಗೆ ಮ್ಯಾಪ್‌ನಿಂದಲೇ ಹೋಗಬಹುದಾದ್ದರಿಂದ ಇದಕ್ಕೆ ಒಂದು ನಿಮಿಷವೂ ಹಿಡಿಯುವುದಿಲ್ಲ.

ಟವರ್‌ಗಳ ಕ್ರಮದಲ್ಲಿ ನಾನು ಸೂಚಿಸುವುದು ಡ್ಯೂಲಿಂಗ್ ಪೀಕ್ಸ್, ಆಮೇಲೆ ಹಟೆನೊ, ಆಮೇಲೆ ದಕ್ಷಿಣದ ಲೇಕ್ ಟವರ್. ಹಟೆನೊ ಟವರ್‌ಗೆ ಮುಳ್ಳುಬಳ್ಳಿ ಸುತ್ತಿಕೊಂಡಿರುತ್ತದೆ. ಅದನ್ನು ಕತ್ತಿಯಿಂದ ಕಡಿಯುತ್ತ ಕೂರಬೇಡಿ, ಬೆಂಕಿ ತಗುಲಿಸಿದರೆ ಉರಿದುಹೋಗುತ್ತದೆ. ಕೋಟೆಯ ಸುತ್ತಲಿನ ಪ್ರದೇಶದ ಸೆಂಟ್ರಲ್ ಟವರ್ ಅನ್ನು ಕೊನೆಗೆ ಇಟ್ಟುಕೊಳ್ಳಿ, ಅಲ್ಲಿ ಕಿರಣ ಹಾರಿಸುವ ಯಂತ್ರಗಳಾದ ಗಾರ್ಡಿಯನ್‌ಗಳ ಕಾವಲಿದೆ. ಸಂಗೀತ ಇದ್ದಕ್ಕಿದ್ದಂತೆ ಅವಸರದ ಪಿಯಾನೊಗೆ ತಿರುಗಿ, ನಿಮ್ಮ ಮೈಮೇಲೆ ಕೆಂಪು ಬೆಳಕಿನ ಚುಕ್ಕೆ ಬಿದ್ದರೆ, ಹೋರಾಡುವ ಯೋಚನೆ ಬಿಟ್ಟು ಬಂಡೆಯ ಮರೆಗೆ ಸರಿಯಿರಿ.

## ಹಂತ 4: ಹೆಸ್ಟುವನ್ನು ಬೇಗನೆ ಭೇಟಿಯಾಗಿ

ಬೀಜಗಳನ್ನು ತೆಗೆದುಕೊಂಡು ಜಾಗ ಹೆಚ್ಚಿಸಿಕೊಡುವವನು ಹೆಸ್ಟು ಎಂಬ ದೊಡ್ಡ ಮೈಕಟ್ಟಿನ ಕೊರೊಕ್. ಮೊದಲ ಸಲ ಅವನು ಸಿಗುವುದು ಕಾಕರಿಕೊ ಹಳ್ಳಿಗೆ ಏರಿಹೋಗುವ ದಾರಿಯ ಪಕ್ಕದಲ್ಲಿ. ಅನೇಕರು ಕುದುರೆಯ ಮೇಲೆ ವೇಗವಾಗಿ ಹೋಗುತ್ತ ಅವನನ್ನು ಗಮನಿಸದೆ ದಾಟಿಬಿಡುತ್ತಾರೆ, ಆಮೇಲೆ ಹತ್ತಾರು ಗಂಟೆ ಬೀಜಗಳನ್ನು ಹೊತ್ತು ತಿರುಗುತ್ತಾರೆ. ಆ ದಾರಿಯಲ್ಲಿ ನಡೆದೇ ಹೋಗಿ. ಅವನ ಗಿಲಕಿಗಳನ್ನು ಶತ್ರುಗಳಾದ ಬೊಕೊಬ್ಲಿನ್‌ಗಳು ಕದ್ದು ಹತ್ತಿರದಲ್ಲೇ ಅಡಗಿಸಿಟ್ಟಿರುತ್ತಾರೆ. ಅವನ್ನು ತಂದುಕೊಟ್ಟರೆ ಮಾತ್ರ ವಿಸ್ತರಣೆ ಆರಂಭವಾಗುತ್ತದೆ.

ಕೆಲವು ವಿಸ್ತರಣೆಗಳಾದ ಮೇಲೆ ಅವನು ಅಲ್ಲಿಂದ ಹೊರಟು ಕುದುರೆ ಲಾಯಗಳ ಆಸುಪಾಸಿನಲ್ಲಿ ಕಾಣಿಸಿಕೊಳ್ಳುತ್ತಾನೆ. ಕೊನೆಗೆ ಲಾಸ್ಟ್ ವುಡ್ಸ್ ಕಾಡಿನೊಳಗಿನ ಕೊರೊಕ್ ಫಾರೆಸ್ಟ್‌ನಲ್ಲಿ ಶಾಶ್ವತವಾಗಿ ನೆಲೆಸುತ್ತಾನೆ. ಲಾಸ್ಟ್ ವುಡ್ಸ್‌ನಲ್ಲಿ ದಾರಿ ತಪ್ಪಿದರೆ ಮಂಜು ದಟ್ಟವಾಗಿ ಕವಿದು ನಿಮ್ಮನ್ನು ಆರಂಭಕ್ಕೆ ತಂದು ನಿಲ್ಲಿಸುತ್ತದೆ. ಉರಿಯುವ ಪಂಜುಗಳ ಸಾಲು ಮುಗಿಯುವವರೆಗೆ ಅವನ್ನೇ ಹಿಂಬಾಲಿಸಿ. ಆಮೇಲೆ ಒಂದು ಪಂಜನ್ನು ನೀವೇ ಹೊತ್ತಿಸಿ ಹಿಡಿದು, ಅದರ ಕಿಡಿಗಳು ಯಾವ ಕಡೆಗೆ ಹಾರುತ್ತವೆಯೋ ಆ ಕಡೆಗೆ ಹೆಜ್ಜೆ ಹಾಕಿ. ನಾಲ್ಕು ಹೆಜ್ಜೆ ನಡೆದು ನಿಲ್ಲಬೇಕು, ಕಿಡಿಗಳನ್ನು ನೋಡಬೇಕು, ಮತ್ತೆ ನಡೆಯಬೇಕು. ಓಡಿದವರು ತಪ್ಪದೆ ದಾರಿ ತಪ್ಪುತ್ತಾರೆ.

ಒಳಗೆ ಸೇರಿದ ಕೂಡಲೇ ಮಾಡಬೇಕಾದ ಮೊದಲ ಕೆಲಸ ಕಿಯೊ ರೂಗ್ ಶ್ರೈನ್ ಅನ್ನು ಸಕ್ರಿಯಗೊಳಿಸುವುದು. ಒಗಟು ಬಿಡಿಸಲು ಸಮಯವಿಲ್ಲದಿದ್ದರೂ ಬಾಗಿಲಿನ ಫಲಕಕ್ಕೆ ಲಿಂಕ್ ಬಳಿಯಿರುವ ಶೀಕಾ ಸ್ಲೇಟ್ ಎಂಬ ಸಾಧನವನ್ನು ತಾಗಿಸಿ ಬನ್ನಿ. ಮುಂದೆ ಪ್ರತಿ ಸಲವೂ ಹೆಸ್ಟು ಬಳಿಗೆ ಮ್ಯಾಪ್‌ನಿಂದಲೇ ಬರಬಹುದು. ಇದನ್ನು ಮರೆತವರು ಕಾಡನ್ನು ಎರಡನೇ ಸಲ ದಾಟಬೇಕಾಗುತ್ತದೆ.

ಬೀಜಗಳನ್ನು ಖರ್ಚು ಮಾಡುವಾಗ ಆಯುಧದ ಜಾಗಕ್ಕೆ ಮೊದಲ ಆದ್ಯತೆ ಕೊಡಿ, ಏಕೆಂದರೆ ಈ ಆಟದಲ್ಲಿ ಆಯುಧಗಳು ಬೇಗ ಮುರಿಯುತ್ತವೆ. ಒಂದು ವಿಸ್ತರಣೆಗೆ 12 ಬೀಜ ಕೇಳುವ ಹಂತ ಬಂದಾಗ ಬಿಲ್ಲಿನ ಕಡೆಗೆ ತಿರುಗಿ ಅಲ್ಲಿಯ ಅಗ್ಗದ ವಿಸ್ತರಣೆಗಳನ್ನು ಮುಗಿಸಿಕೊಳ್ಳಿ. ಗುರಾಣಿ ಕೊನೆಗಿರಲಿ.

## ಹಂತ 5: ನೆಲವನ್ನು ಓದುವುದು

ಇಡೀ ಹುಡುಕಾಟದ ಜೀವಾಳ ಈ ಹಂತ. ಎಲ್ಲಿ ನೋಡಬೇಕೆಂದು ಎಲ್ಲರೂ ಕೇಳುತ್ತಾರೆ, ಏನನ್ನು ನೋಡಬೇಕೆಂದು ಕೇಳುವವರು ಕಡಿಮೆ. ಉತ್ತರ ಒಂದೇ: ಪ್ರಕೃತಿಯಲ್ಲಿ ತಾನಾಗಿ ಉಂಟಾಗದ ಜೋಡಣೆಯನ್ನು ನೋಡಬೇಕು. ಕಲ್ಲುಗಳು ದುಂಡಗೆ ಕೂತಿದ್ದರೆ, ಮರಗಳು ಒಂದೇ ಅಳತೆಯ ಅಂತರದಲ್ಲಿ ನಿಂತಿದ್ದರೆ, ಬೋಳು ಶಿಖರದ ನಟ್ಟನಡುವೆ ಒಂದೇ ಒಂದು ಕಲ್ಲಿದ್ದರೆ, ಅಲ್ಲಿ ಯಾರೋ ಕೈಯಾಡಿಸಿದ್ದಾರೆಂದು ತಿಳಿಯಿರಿ.

ಶಿಖರದ ಒಂಟಿ ಕಲ್ಲು ಎಲ್ಲಕ್ಕಿಂತ ಸುಲಭ, ಎತ್ತಿದರೆ ಸಾಕು. ಆದ್ದರಿಂದ ಯಾವ ಶಿಖರ ಹತ್ತಿದರೂ ನೆತ್ತಿಯನ್ನು ನೋಡದೆ ಇಳಿಯಬೇಡಿ. ಒಣ ಎಲೆಗಳ ರಾಶಿ, ಬಾಂಬಿಗೆ ಒಡೆಯುವ ಬಂಡೆ, ಲೋಹದ ತಟ್ಟೆ ಇವುಗಳ ಅಡಿಯಲ್ಲಿಯೂ ಅದೇ ಬಗೆಯ ಕಲ್ಲು ಅಡಗಿರುವುದುಂಟು.

ಕಲ್ಲುಗಳ ವೃತ್ತದಲ್ಲಿ ಒಂದು ಕಡೆ ಜಾಗ ಖಾಲಿಯಿರುತ್ತದೆ. ಕಾಣೆಯಾದ ಕಲ್ಲು ಹತ್ತಿರದಲ್ಲೇ ಬಿದ್ದಿರುತ್ತದೆ. ಅದನ್ನು ಎತ್ತಿ ತಂದು ಖಾಲಿ ಜಾಗದಲ್ಲಿ ಮೆಲ್ಲಗೆ ಇಳಿಸಬೇಕು. ಎಸೆದರೆ ಉರುಳಿ ಹೋಗುತ್ತದೆ, ಇಳಿಜಾರಾಗಿದ್ದರೆ ಕಣಿವೆಗೇ ಬೀಳುತ್ತದೆ.

ಮೂರು ಮರಗಳ ಒಗಟಿನಲ್ಲಿ ಸೋತವರಷ್ಟು ಬೇರೆಲ್ಲೂ ಸೋತಿಲ್ಲ, ಆದ್ದರಿಂದ ಇದನ್ನು ಬಿಡಿಸಿ ಹೇಳುತ್ತೇನೆ. ಒಂದೇ ಜಾತಿಯ ಮೂರು ಮರಗಳು ಸಾಲಾಗಿ ನಿಂತಿರುತ್ತವೆ. ಒಂದರಲ್ಲಿ ಎರಡು ಸೇಬು, ಇನ್ನೊಂದರಲ್ಲಿ ನಾಲ್ಕು, ಮತ್ತೊಂದರಲ್ಲಿ ಐದು ಇವೆಯೆಂದುಕೊಳ್ಳಿ. ಕಡಿಮೆ ಹಣ್ಣಿರುವ ಮರವನ್ನು ಮಾದರಿಯಾಗಿ ಇಟ್ಟುಕೊಂಡು, ಉಳಿದೆರಡರಲ್ಲಿ ಹೆಚ್ಚಿನ ಹಣ್ಣುಗಳನ್ನು ಕಿತ್ತು ಮೂರನ್ನೂ ಒಂದೇ ರೀತಿ ಮಾಡಬೇಕು. ಲೆಕ್ಕ ಸರಿಹೊಂದಿದರೆ ಸಾಲದು, ಹಣ್ಣುಗಳು ನೇತಾಡುವ ಜಾಗವೂ ಸರಿಹೊಂದಬೇಕು. ಮಾದರಿ ಮರದಲ್ಲಿ ಎಡಗಡೆಯ ಕೊಂಬೆಯಲ್ಲಿ ಎರಡು ಹಣ್ಣಿದ್ದರೆ ಉಳಿದ ಮರಗಳಲ್ಲೂ ಎಡಗಡೆಯ ಕೊಂಬೆಯವೇ ಉಳಿಯಬೇಕು. ನಾನು ಮೊದಲ ಸಲ ಇದನ್ನು ಎದುರಿಸಿದಾಗ ಲೆಕ್ಕವನ್ನು ಮಾತ್ರ ನೋಡಿ, ಏನೂ ಆಗಲಿಲ್ಲವೆಂದು ಮೂರೂ ಮರಗಳ ಹಣ್ಣುಗಳನ್ನು ಖಾಲಿ ಮಾಡಿಬಿಟ್ಟೆ. ಹಣ್ಣು ಮತ್ತೆ ಬಿಡುವವರೆಗೆ ಆ ಜಾಗಕ್ಕೆ ಬರುವುದೇ ವ್ಯರ್ಥವಾಯಿತು. ಹಾಗಾಗಿ ಮರದಿಂದ ಹತ್ತು ಹದಿನೈದು ಹೆಜ್ಜೆ ಹಿಂದೆ ಸರಿದು, ಮೂರೂ ಒಂದೇ ನೋಟಕ್ಕೆ ಸಿಗುವಂತೆ ನಿಂತು, ಮೊದಲು ಹೋಲಿಸಿ, ಆಮೇಲೆ ಒಂದೊಂದೇ ಹಣ್ಣನ್ನು ತೆಗೆಯಿರಿ. ಮರವನ್ನು ಕಡಿಯಬೇಡಿ, ಬಾಂಬಂತೂ ಹತ್ತಿರ ತರಲೇಬೇಡಿ.

ಲೋಹದ ಚೌಕಗಳ ಒಗಟಿನಲ್ಲಿ ಎರಡು ಗುಂಪುಗಳಿರುತ್ತವೆ, ಒಂದರಲ್ಲಿ ಒಂದು ಚೌಕ ಕಡಿಮೆಯಿರುತ್ತದೆ. ಹತ್ತಿರ ಬಿದ್ದಿರುವ ಚೌಕವನ್ನು ಮ್ಯಾಗ್ನೆಸಿಸ್‌ನಿಂದ ಎತ್ತಿ ಎರಡೂ ಗುಂಪು ಒಂದೇ ಆಕಾರಕ್ಕೆ ಬರುವಂತೆ ಕೂರಿಸಬೇಕು. ಚೌಕ ಕಾಣದಿದ್ದರೆ ಮ್ಯಾಗ್ನೆಸಿಸ್ ಹಚ್ಚಿಕೊಂಡು ಸುತ್ತಲೂ ನೋಡಿ. ಲೋಹವೆಲ್ಲ ಗುಲಾಬಿ ಬಣ್ಣದಲ್ಲಿ ಹೊಳೆಯುತ್ತದೆ, ಕೆರೆಯ ತಳದಲ್ಲಿದ್ದರೂ ಕಾಣುತ್ತದೆ. ಇದೇ ಉಪಾಯದಿಂದ ನೀರಿನೊಳಗಿನ ಮತ್ತು ಮಣ್ಣಿನಲ್ಲಿ ಹೂತ ಲೋಹದ ಪೆಟ್ಟಿಗೆಗಳನ್ನೂ ಪತ್ತೆಹಚ್ಚಬಹುದು.

ಸಾಲಾಗಿ ಕೂತ ಪುಟ್ಟ ಕಲ್ಲಿನ ವಿಗ್ರಹಗಳ ಮುಂದೆ ಬಟ್ಟಲುಗಳಿದ್ದು, ಎಲ್ಲದರಲ್ಲೂ ಸೇಬಿದ್ದು ಒಂದರಲ್ಲಿ ಮಾತ್ರ ಇಲ್ಲದಿದ್ದರೆ, ಅಲ್ಲಿ ನೈವೇದ್ಯ ತಪ್ಪಿದೆ ಎಂದರ್ಥ. ಕಾಕರಿಕೊ ಹಳ್ಳಿಯೊಳಗೇ ಇಂಥದ್ದೊಂದಿದೆ. ಚೀಲದಿಂದ ಸೇಬನ್ನು ಕೈಗೆ ತೆಗೆದುಕೊಂಡು, ಬಟ್ಟಲಿಗೆ ತೀರ ಹತ್ತಿರ ನಿಂತು ಕೆಳಗಿಡಬೇಕು. ಇಲ್ಲಿಯೂ ಎಸೆಯಬಾರದು.

ನೀರಿನಲ್ಲಿ ತಾವರೆ ಎಲೆಗಳು ಬಳೆಯಂತೆ ದುಂಡಗೆ ತೇಲುತ್ತಿದ್ದರೆ ಮೇಲಿನ ಬಂಡೆಯಿಂದ ಆ ವೃತ್ತದೊಳಗೆ ಧುಮುಕಬೇಕು. ನೆಲದಲ್ಲಿ ಒಂಟಿಯಾಗಿ ತಿರುಗುವ ಗಿರಗಿಟ್ಟಲೆ ಕಂಡರೆ ಅದರ ಪಕ್ಕಕ್ಕೆ ಹೋಗಿ ನಿಲ್ಲಿ. ಆಗ ಆಕಾಶದಲ್ಲೋ ಎದುರಿನ ಕಣಿವೆಯಲ್ಲೋ ಬಲೂನುಗಳು ಮೂಡುತ್ತವೆ, ಅವನ್ನು ಬಾಣದಿಂದ ಒಡೆಯಬೇಕು. ಗಿರಗಿಟ್ಟಲೆಯಿಂದ ದೂರ ಸರಿದರೆ ಬಲೂನುಗಳೂ ಮಾಯವಾಗುತ್ತವೆ, ಇದನ್ನು ತಿಳಿಯದೆ ಗುರಿಗೆ ಹತ್ತಿರ ಹೋಗಲು ಪ್ರಯತ್ನಿಸಿ ಸೋಲುವವರಿದ್ದಾರೆ. ಎಲೆಯ ಚಿತ್ರವಿರುವ ಮರದ ಬೊಡ್ಡೆಯ ಮೇಲೆ ಹತ್ತಿದರೆ ದೂರದಲ್ಲಿ ಬೆಳಕಿನ ಉಂಗುರ ಮೂಡಿ ಕಾಲದ ಲೆಕ್ಕ ಶುರುವಾಗುತ್ತದೆ. ಹತ್ತುವ ಮೊದಲೇ ಸ್ಟ್ಯಾಮಿನಾ ತುಂಬಿದೆಯೇ ಎಂದು ನೋಡಿಕೊಳ್ಳಿ, ಬೊಡ್ಡೆ ಬಂಡೆಯ ಅಂಚಿನಲ್ಲಿದ್ದರೆ ಪ್ಯಾರಾಗ್ಲೈಡರ್ ಬೇಕಾಗುವುದು ಖಂಡಿತ.

ಹಳದಿ ಹೂವನ್ನು ಮುಟ್ಟಿದಾಗ ಅದು ಮಾಯವಾಗಿ ಬೇರೆಡೆ ಮೂಡಿದರೆ ಬಿಳಿ ಹೂವು ಬರುವವರೆಗೆ ಹಿಂಬಾಲಿಸಿ. ಹೂವುಗಳು ಒಂದು, ಎರಡು, ಮೂರು ಎಂದು ಗುಂಪುಗುಂಪಾಗಿದ್ದರೆ ಮಾತ್ರ ನಿಯಮ ಬೇರೆ: ಒಂದೇ ಹೂವಿರುವ ಕಡೆಯಿಂದ ಆರಂಭಿಸಿ ಏರಿಕೆಯ ಕ್ರಮದಲ್ಲಿ ಮುಟ್ಟಬೇಕು, ನಡುವೆ ಅಕಸ್ಮಾತ್ ಬೇರೆ ಗುಂಪಿಗೆ ಮೈ ತಾಗಬಾರದು. ಓಡಾಡುವ ಮಿನುಗು ಬೆಳಕು, ಟೊಳ್ಳು ಮರದೊಳಗಿನ ಓಕ್ ಕಾಯಿ, ಗುಂಡಿಯ ಮೇಲ್ಭಾಗದಲ್ಲಿ ಕೂತ ಗುಂಡುಕಲ್ಲು, ಮಂಜುಗಡ್ಡೆಯಲ್ಲಿ ಸಿಕ್ಕಿದ ಕಲ್ಲು ಇವೆಲ್ಲ ಒಮ್ಮೆ ಕಣ್ಣಿಗೆ ಬಿದ್ದರೆ ತಾವಾಗಿಯೇ ಅರ್ಥವಾಗುತ್ತವೆ.

ಬೀಜ ಸಿಕ್ಕ ಜಾಗದಲ್ಲಿ ಮ್ಯಾಪ್ ಮೇಲೆ ಎಲೆಯ ಗುರುತು ತಾನಾಗಿ ಮೂಡುತ್ತದೆ. ಬಿಡಿಸಲಾಗದ ಒಗಟಿಗೆ ಗುರುತು ಮೂಡುವುದಿಲ್ಲ, ಅಲ್ಲಿ ಸ್ಟ್ಯಾಂಪ್ ಒತ್ತುವುದು ನಿಮ್ಮ ಕೆಲಸ. ಆಮೇಲೆ ಬಂದು ನೋಡೋಣವೆಂದು ಗುರುತಿಲ್ಲದೆ ಬಿಟ್ಟುಹೋದ ಒಗಟು ಮತ್ತೆ ಸಿಗುವುದು ಅಪರೂಪ. ನಾನು ನಕ್ಷತ್ರದ ಸ್ಟ್ಯಾಂಪನ್ನು ಬಿಡಿಸದ ಕೊರೊಕ್ ಒಗಟಿಗೂ, ತಲೆಬುರುಡೆಯನ್ನು ಬಲಶಾಲಿ ಶತ್ರುವಿಗೂ ಮೀಸಲಿಟ್ಟಿದ್ದೇನೆ. ಯಾವ ಗುರುತು ಯಾವುದಕ್ಕೆಂದು ಮೊದಲ ದಿನವೇ ಗೊತ್ತುಮಾಡಿಕೊಂಡರೆ ಐವತ್ತು ಗಂಟೆಗಳ ನಂತರ ಗೊಂದಲವಾಗುವುದಿಲ್ಲ.

## ಹಂತ 6: ಹತ್ತುವ ಶಕ್ತಿಯನ್ನು ಹೆಚ್ಚಿಸಿಕೊಳ್ಳಿ

ಹುಡುಕಾಟವೇ ಗುರಿಯಾದವರು ಮೊದಲ 20 ಆರ್ಬ್‌ಗಳನ್ನು ಸ್ಟ್ಯಾಮಿನಾಕ್ಕೆ ಹಾಕಬೇಕೆಂಬುದು ನನ್ನ ದೃಢವಾದ ಅಭಿಪ್ರಾಯ. ಅಷ್ಟಕ್ಕೆ ಎರಡನೇ ಚಕ್ರ ಪೂರ್ತಿಯಾಗುತ್ತದೆ, ಬಹುತೇಕ ಬಂಡೆಗಳು ಹತ್ತಲು ಸಾಧ್ಯವಾಗುತ್ತವೆ. ಮಾಸ್ಟರ್ ಸ್ವೋರ್ಡ್ ಎಂಬ ವಿಶೇಷ ಕತ್ತಿಯನ್ನು ಕೀಳಲು 13 ಹೃದಯಗಳು ಬೇಕು, ಅಡುಗೆಯಿಂದ ಬರುವ ಹಳದಿ ಹೃದಯಗಳು ಅದಕ್ಕೆ ಲೆಕ್ಕವಿಲ್ಲ. ಆದರೂ ಇದಕ್ಕಾಗಿ ಮೊದಲಿನಿಂದಲೇ ಹೃದಯಕ್ಕೆ ಆರ್ಬ್ ಸುರಿಯುವ ಅಗತ್ಯವಿಲ್ಲ. ಹಟೆನೊ ಹಳ್ಳಿಯ ಬಳಿ ಕೊಂಬಿನ ವಿಗ್ರಹವೊಂದಿದೆ. ಅದು ಒಂದು ಹೃದಯವನ್ನೋ ಸ್ಟ್ಯಾಮಿನಾ ಭಾಗವನ್ನೋ ತೆಗೆದುಕೊಂಡು 100 ರುಪಿ (ಆಟದೊಳಗಿನ ಹಣ) ಕೊಡುತ್ತದೆ, 120 ರುಪಿಗೆ ನಿಮಗೆ ಬೇಕಾದದ್ದನ್ನು ಮರಳಿ ಕೊಡುತ್ತದೆ. ಕತ್ತಿಗಾಗಿ ಬದಲಾಯಿಸಿಕೊಂಡು, ಅದನ್ನು ಪಡೆದ ಮೇಲೆ ಮತ್ತೆ ಸ್ಟ್ಯಾಮಿನಾಕ್ಕೆ ಹಿಂದಿರುಗಬಹುದು.

ಡ್ಯೂಲಿಂಗ್ ಪೀಕ್ಸ್ ಕಣಿವೆಯ ರೀ ದಾಹೀ ಶ್ರೈನ್‌ನ ಪೆಟ್ಟಿಗೆಯಲ್ಲಿ ಹತ್ತುವ ವೇಗ ಹೆಚ್ಚಿಸುವ ತಲೆಪಟ್ಟಿಯಿದೆ, ಅದನ್ನು ಬಿಟ್ಟುಬರಬೇಡಿ. ಹಟೆನೊ ಕಡೆಯ ಟಾನೊ ಓಆ ಶ್ರೈನ್‌ನಲ್ಲಿ ಅದೇ ಜೊತೆಯ ಬೂಟುಗಳಿವೆ. ಇವೆರಡಕ್ಕಿಂತ ದೊಡ್ಡ ಸಹಾಯ ರೆವಾಲಿಯ ಗಾಳಿ. ಹಕ್ಕಿರೂಪದ ರಿಟೊ ಜನರ ಹಳ್ಳಿಯ ಮೇಲೆ ಹಾರುವ ವಾ ಮೆಡೊ ಎಂಬ ದೈತ್ಯಯಂತ್ರವನ್ನು ಗೆದ್ದರೆ, ನಿಂತಲ್ಲಿಂದಲೇ ಮೇಲಕ್ಕೆ ಚಿಮ್ಮಿಸುವ ಗಾಳಿ ಮೂರು ಸಲ ಸಿಗುತ್ತದೆ, ಆರು ನಿಮಿಷದಲ್ಲಿ ಮತ್ತೆ ತುಂಬುತ್ತದೆ. ನಾಲ್ಕು ದೈತ್ಯಯಂತ್ರಗಳಲ್ಲಿ ಇದನ್ನೇ ಮೊದಲು ಮುಗಿಸಿ.

ಮಳೆಯ ವಿಷಯದಲ್ಲಿ ಹೆಚ್ಚಿನವರು ಹಟ ಹಿಡಿಯುತ್ತಾರೆ, ಮಳೆಯೇ ಗೆಲ್ಲುತ್ತದೆ. ಒದ್ದೆ ಬಂಡೆಯಲ್ಲಿ ಕೆಲವು ಹಿಡಿತಗಳಿಗೊಮ್ಮೆ ಲಿಂಕ್ ಜಾರುತ್ತಾನೆ. ಪರದೆಯ ಕೆಳಗಿನ ಬಲಮೂಲೆಯಲ್ಲಿ ಮುಂದಿನ ಹವಾಮಾನದ ಚಿತ್ರಗಳು ಕಾಣುತ್ತವೆ. ಎತ್ತರದ ಬಂಡೆಗೆ ಕೈಹಚ್ಚುವ ಮೊದಲು ಅದನ್ನು ನೋಡುವುದನ್ನು ರೂಢಿ ಮಾಡಿಕೊಳ್ಳಿ. ಅರ್ಧದಲ್ಲಿ ಮಳೆ ಹಿಡಿದು, ತುದಿ ಹತ್ತಿರವಿದ್ದರೆ ನಾಲ್ಕು ಹಿಡಿತ ಏರಿ, ಜಾರುವ ಮೊದಲೇ ಒಂದು ಜಿಗಿತ ಹಾಕಿ, ಮತ್ತೆ ನಾಲ್ಕು ಹಿಡಿತ ಏರಿ. ದೂರವಿದ್ದರೆ ಬಂಡೆಯ ಚಾಚಿನ ಕೆಳಗೆ ಸೌದೆ ಹಾಕಿ ಬೆಂಕಿ ಮಾಡಿಕೊಂಡು ಹೊತ್ತು ಕಳೆಯುವುದೇ ಸರಿ. ಗುಡುಗು ಸಹಿತ ಮಳೆಯಲ್ಲಿ ಮೈಮೇಲಿನ ಲೋಹದಿಂದ ಕಿಡಿ ಹಾರತೊಡಗಿದರೆ ಸಿಡಿಲು ಬೀಳಲಿದೆಯೆಂದು ತಿಳಿದು, ಲೋಹದ ಕತ್ತಿ, ಬಿಲ್ಲು, ಗುರಾಣಿಗಳನ್ನು ತಕ್ಷಣ ತೆಗೆದಿಡಿ.

## ಹಂತ 7: ಕಣ್ಣಿಗೆ ಕಾಣದ ಶ್ರೈನ್‌ಗಳು

ಸ್ಲೇಟ್‌ನಲ್ಲಿರುವ ಶೀಕಾ ಸೆನ್ಸರ್ ಶ್ರೈನ್ ಹತ್ತಿರವಿದ್ದಾಗ ಸದ್ದು ಮಾಡುತ್ತದೆ, ನೀವು ಸರಿಯಾದ ದಿಕ್ಕಿಗೆ ತಿರುಗಿದಂತೆ ಅದರ ಗುರುತು ಗಾಢವಾಗುತ್ತದೆ. ಅದು ದಿಕ್ಕನ್ನು ಹೇಳುತ್ತದೆ, ಎತ್ತರವನ್ನು ಹೇಳುವುದಿಲ್ಲ. ಸದ್ದು ಜೋರಾಗಿದ್ದೂ ಎದುರಿಗೆ ಬರೀ ಬಂಡೆಯಿದ್ದರೆ ಮೂರು ಕಡೆ ನೋಡಿ: ನಿಮ್ಮ ಕಾಲ ಕೆಳಗಿನ ಕಣಿವೆ, ತಲೆಯ ಮೇಲಿನ ಬಂಡೆಯ ಅಂಚು, ಮತ್ತು ಬಿರುಕುಬಿಟ್ಟ ಗೋಡೆ. ಬಿರುಕುಬಿಟ್ಟ ಗೋಡೆ ಬಾಂಬಿಗೆ ಒಡೆದು ಗುಹೆ ತೆರೆಯುವುದು ಈ ಆಟದಲ್ಲಿ ಸಾಮಾನ್ಯ.

ಸೆನ್ಸರ್ ಕೊರೊಕ್‌ಗಳನ್ನು ಹುಡುಕುವುದಿಲ್ಲ. ಹಟೆನೊ ಪ್ರಯೋಗಾಲಯದ ಪುರಾ ಬಳಿ ಮೂರು ಪ್ರಾಚೀನ ಸ್ಕ್ರೂಗಳನ್ನು ಕೊಟ್ಟು ಅದನ್ನು ಮೇಲ್ದರ್ಜೆಗೆ ಏರಿಸಿದರೂ ಹುಡುಕುವುದಿಲ್ಲ. ಏರಿಸಿದ ಸೆನ್ಸರ್, ನೀವು ಫೋಟೊ ತೆಗೆದಿಟ್ಟುಕೊಂಡ ವಸ್ತುಗಳನ್ನು ಪತ್ತೆಹಚ್ಚುತ್ತದೆ. ಪೆಟ್ಟಿಗೆಯ ಫೋಟೊ ಇಟ್ಟುಕೊಂಡರೆ ಪೆಟ್ಟಿಗೆಗಳನ್ನೂ ಹುಡುಕಿಕೊಡುತ್ತದೆ.

ಮೂಲ ಆಟದಲ್ಲಿ ಶ್ರೈನ್ ತಲುಪಲು ಪೂರೈಸಬೇಕಾದ ಕಾರ್ಯಗಳು, ಅಂದರೆ 42 ಶ್ರೈನ್ ಕ್ವೆಸ್ಟ್‌ಗಳಿವೆ. ಇವುಗಳಲ್ಲಿ ಹಲವು ಶ್ರೈನ್‌ಗಳು ಕ್ವೆಸ್ಟ್ ಪೂರೈಸುವವರೆಗೆ ನೆಲದೊಳಗೇ ಇರುತ್ತವೆ, ಎಷ್ಟು ಸುತ್ತಿದರೂ ಕಾಣುವುದಿಲ್ಲ. ಇವನ್ನು ಪಡೆಯುವ ಮಾರ್ಗ ಮಾತುಕತೆ. ಲಾಯಗಳಲ್ಲಿ ಕೂತವರೊಡನೆ ಮಾತಾಡಿ. ದೂರದಿಂದ ಅಕಾರ್ಡಿಯನ್ ನಾದ ಕೇಳಿದರೆ ದಾರಿ ಬಿಟ್ಟಾದರೂ ಹೋಗಿ, ಅಲ್ಲಿ ಕಾಸ್ ಎಂಬ ರಿಟೊ ಗಾಯಕನಿರುತ್ತಾನೆ. ಅವನ ಹಾಡಿನಲ್ಲಿ ಶ್ರೈನ್‌ನ ಸುಳಿವಿರುತ್ತದೆ. ಲೊಮೇ ಹೆಸರಿನ ಮೂರು ಚಕ್ರವ್ಯೂಹಗಳಲ್ಲಿ ಒಂದೊಂದು ಶ್ರೈನ್ ಇದೆ. ಒಳಗೆ ದಾರಿ ತಪ್ಪಿದರೆ ಗೋಡೆಯ ಮೇಲೆ ಹತ್ತಿ ನೋಡುವುದಕ್ಕೆ ಅಡ್ಡಿಯಿಲ್ಲ.

ಈವೆಂಟೈಡ್ ದ್ವೀಪದ ಬಗ್ಗೆ ಪ್ರತ್ಯೇಕ ಎಚ್ಚರಿಕೆ ಕೊಡಲೇಬೇಕು. ಅಲ್ಲಿ ಕಾಲಿಟ್ಟ ಕೂಡಲೇ ನಿಮ್ಮ ಆಯುಧ, ಉಡುಪು, ಅಡುಗೆ ಎಲ್ಲವನ್ನೂ ತೆಗೆದುಕೊಳ್ಳಲಾಗುತ್ತದೆ. ಮೂರು ಗೋಳಗಳನ್ನು ಅವುಗಳ ಪೀಠಗಳ ಮೇಲೆ ಇರಿಸಿದಾಗ ಶ್ರೈನ್ ಮೇಲೇಳುತ್ತದೆ, ನಿಮ್ಮ ವಸ್ತುಗಳೂ ಮರಳಿ ಬರುತ್ತವೆ. ಗಾಬರಿಯಾಗುವ ಅಗತ್ಯವಿಲ್ಲ, ಆದರೆ ಹೊರಡುವ ಮುನ್ನ ಸೇವ್ ಮಾಡಿ.

ಬಲಪರೀಕ್ಷೆಯ ಶ್ರೈನ್‌ಗಳಲ್ಲಿ 'ಮೇಜರ್' (ಅತಿ ಕಠಿಣ) ಎಂದು ಕಂಡರೆ, ಒಳ್ಳೆಯ ಆಯುಧಗಳಿಲ್ಲದಿದ್ದಲ್ಲಿ ಹೊರಗೆ ಬನ್ನಿ. ಫಲಕ ಮುಟ್ಟಿದ್ದೀರಾದ್ದರಿಂದ ಯಾವಾಗ ಬೇಕಾದರೂ ಮರಳಬಹುದು.

## ಹಂತ 8: ಉಳಿದವುಗಳನ್ನು ಹುಡುಕುವುದು

100 ದಾಟಿದ ಮೇಲೆ ಕಣ್ಣು ತಾನಾಗಿ ಹುಡುಕುತ್ತದೆ. 300ರ ಆಸುಪಾಸಿನಲ್ಲಿ ಮಾತ್ರ ವೇಗ ತಗ್ಗುತ್ತದೆ, ಏಕೆಂದರೆ ಎಲ್ಲಿ ಹೋಗಿಲ್ಲವೆಂಬುದೇ ನೆನಪಿರುವುದಿಲ್ಲ. 2017ರಲ್ಲಿ ಬಂದ ಹೆಚ್ಚುವರಿ ಪ್ಯಾಕ್ ಕೊಂಡವರಿಗೆ ಇಲ್ಲಿ ಎರಡು ಸಾಧನಗಳಿವೆ. ಹೀರೋಸ್ ಪಾತ್ ನೀವು ಆಡಿದ ಕಡೆಯ 200 ಗಂಟೆಗಳಲ್ಲಿ ನಡೆದ ದಾರಿಯನ್ನು ಮ್ಯಾಪ್ ಮೇಲೆ ಹಸಿರು ಗೆರೆಯಾಗಿ ತೋರಿಸುತ್ತದೆ. ಗೆರೆಯಿಲ್ಲದ ಖಾಲಿ ಜಾಗಗಳನ್ನು ನೋಡಿ, ಅಲ್ಲಿಗೇ ಹೋಗಿ. ಆಡಿದ ಗಂಟೆಗಳ ದಾಖಲೆ ಪ್ಯಾಕ್ ಕೊಳ್ಳುವ ಮೊದಲಿನದೂ ಸಿಗುತ್ತದೆ.

ಎರಡನೆಯದು ಲಾಸ್ಟ್ ವುಡ್ಸ್‌ನ ಪೆಟ್ಟಿಗೆಯೊಂದರಲ್ಲಿರುವ ಕೊರೊಕ್ ಮುಖವಾಡ. ಅಡಗಿದ ಕೊರೊಕ್ ಹತ್ತಿರವಿದ್ದರೆ ಮುಖವಾಡ ಅಲುಗುತ್ತದೆ. ದಿಕ್ಕನ್ನು ಹೇಳುವುದಿಲ್ಲವಾದ್ದರಿಂದ ಅಲುಗಾಟ ಆರಂಭವಾದ ಜಾಗದಲ್ಲಿ ಒಂದು ಪಿನ್, ನಿಂತ ಜಾಗದಲ್ಲಿ ಇನ್ನೊಂದು ಪಿನ್ ಹಾಕಿ, ಅವೆರಡರ ನಡುವೆ ಐದನೇ ಹಂತದ ಕಣ್ಣಿನಿಂದ ನೋಡಿ. ಹುಡುಕಾಟವನ್ನು ಮುಖವಾಡದಿಂದಲೇ ಆರಂಭಿಸುವವರು ಅಲುಗಾಟ ಕೇಳಿಯೂ ಒಗಟನ್ನು ಗುರುತಿಸಲಾಗದೆ ಅಲ್ಲೇ ಸುತ್ತುತ್ತಾರೆ. ಆದ್ದರಿಂದ ಅದನ್ನು ಕೊನೆಯ ಹಂತಕ್ಕೆ ಇಟ್ಟಿದ್ದೇನೆ. ಇದರ ರಕ್ಷಣಾ ಸಾಮರ್ಥ್ಯ ಅಲ್ಪ, ಶತ್ರು ಕಂಡ ಕೂಡಲೇ ಬೇರೆ ಶಿರಸ್ತ್ರಾಣಕ್ಕೆ ಬದಲಾಯಿಸಿಕೊಳ್ಳಿ.

ಆಟದ ಕೊನೆಯ ಶತ್ರುವಾದ ಗ್ಯಾನನ್‌ನನ್ನು ಸೋಲಿಸಿದ ಮೇಲೆ ಮ್ಯಾಪ್‌ನಲ್ಲಿ ಶೇಕಡಾವಾರು ಲೆಕ್ಕ ಕಾಣತೊಡಗುತ್ತದೆ, ಅದರಲ್ಲಿ ಒಂದೊಂದು ಬೀಜಕ್ಕೂ 0.08ರಷ್ಟು ಪಾಲಿದೆ. 441ರ ನಂತರ ಸಿಗುವ ಬೀಜಗಳಿಗೆ ಈ ಲೆಕ್ಕದ ಹೊರತು ಬೇರೆ ಉಪಯೋಗವಿಲ್ಲ. 900 ಪೂರೈಸಿದವರಿಗೆ ಹೆಸ್ಟು ಬಂಗಾರದ ಬಣ್ಣದ ಒಂದು ಉಡುಗೊರೆ ಕೊಡುತ್ತಾನೆ. ಅದರಿಂದ ಶಕ್ತಿಯೇನೂ ಹೆಚ್ಚುವುದಿಲ್ಲ, ಬೇಕೆಂದಾಗ ಅವನ ಕುಣಿತವನ್ನು ನೋಡಬಹುದು. ಹೀಗಾಗಿ 441ರಲ್ಲಿ ನಿಲ್ಲುವುದೋ ಮುಂದುವರಿಯುವುದೋ ಎಂಬುದನ್ನು, ಹೆಸ್ಟು ಬಳಿ ಕೊನೆಯ ವಿಸ್ತರಣೆ ಮುಗಿದ ದಿನ ನಿರ್ಧರಿಸಿ.